ಸುಂಕ ಸೊನ್ನೆ, ಆದರೂ ಲಾರಿ ನಿಂತಿದೆ

ರಾಯಚೂರಿನಲ್ಲಿ ಹತ್ತಿಯಿಂದ ಬೀಜ ಬಿಡಿಸುವ ಒಂದು ಜಿನ್ನಿಂಗ್ ಫ್ಯಾಕ್ಟರಿಯಲ್ಲಿ ಎಕ್ಸ್‌ಪೋರ್ಟ್ ಕಾಗದಪತ್ರ ನೋಡಿಕೊಳ್ಳುವುದು ನನ್ನ ಕೆಲಸ. ನಮ್ಮ ಹತ್ತಿ ಬೇಲುಗಳು (ಒತ್ತಿ ಕಟ್ಟಿದ ಮೂಟೆಗಳು) ಜಾಸ್ತಿ ಹೋಗುವುದು ಬಾಂಗ್ಲಾದೇಶದ ನೂಲಿನ ಮಿಲ್ಲುಗಳಿಗೆ. ಹೊಸದಾಗಿ ಕೆಲಸಕ್ಕೆ ಸೇರುವ ಹುಡುಗರು ಮೊದಲು ಕೇಳುವುದು, "ಸರ್, ಅಲ್ಲಿ ಸುಂಕ ಎಷ್ಟು?" ಹತ್ತಿಗೆ ಅಲ್ಲಿ ಆಮದು ಸುಂಕವೇ ಇಲ್ಲ ಅಂದರೆ ನಂಬುವುದಿಲ್ಲ.

ಸುಂಕ ಇಲ್ಲದಿದ್ದರೂ ಖರ್ಚು ತಪ್ಪಿಲ್ಲ. ಅದು ಗಡಿಯಲ್ಲಿ ಕೂತಿದೆ.

ನಮ್ಮ ಲಾರಿ ಪಶ್ಚಿಮ ಬಂಗಾಳದ ಪೆಟ್ರಾಪೋಲ್‌ವರೆಗೆ ಹೋಗುತ್ತದೆ. ದಾಟಿದರೂ ಆಚೆಯ ಬೆನಾಪೋಲ್ ಯಾರ್ಡ್‌ವರೆಗೆ ಮಾತ್ರ. ಅಲ್ಲಿ ಬೇಲು ಇಳಿಸಬೇಕು, ಅವರ ಲಾರಿಗೆ ಮತ್ತೆ ಏರಿಸಬೇಕು. ಹಮಾಲರು ಕೊಕ್ಕೆ ಹಾಕಿ ಎಳೆದಾಗ ಬೇಲಿನ ಮೇಲಿನ ಬಟ್ಟೆ ಹರಿಯುತ್ತದೆ, ಪಟ್ಟಿ ಬಿಚ್ಚಿಕೊಳ್ಳುತ್ತದೆ. ಮಳೆಗಾಲವಾದರೆ ಕೆಸರು ಬೇರೆ. ಆಮೇಲೆ ಮಿಲ್ಲಿನವರಿಂದ ಫೋಟೋ ಸಮೇತ ಕ್ಲೇಮ್ ಬರುತ್ತದೆ. ತೂಕದ್ದು ಇನ್ನೊಂದು ತಕರಾರು. ನಮ್ಮ ಒಣ ಬಿಸಿಲಲ್ಲಿ ತೂಗಿದ ಹತ್ತಿ ಬಂಗಾಳದ ತೇವ ಹೀರಿಕೊಂಡರೆ ತೂಕ ಬೇರೆ ತೋರಿಸುತ್ತದೆ. ಪ್ಯಾಕಿಂಗ್ ಲಿಸ್ಟಿಗೂ ವೇ ಬ್ರಿಡ್ಜ್ ಚೀಟಿಗೂ ಹೊಂದದಿದ್ದರೆ ವಿವರಣೆ ಬರೆಯುವವನು ನಾನು. ಈ ನಡುವೆ ಡ್ರೈವರ್ ಫೋನು: "ಲೈನ್ ಇನ್ನಾ ಸರದಿಲ್ರೀ ಸರ್. ಹಾಲ್ಟಿಂಗ್ ದುಡ್ಡು ಯಾರು ಕೊಡ್ತಾರ?"

ಇದು ನನ್ನೊಬ್ಬನ ಗೋಳಲ್ಲ. 2021ರ ವಿಶ್ವಬ್ಯಾಂಕ್ ವರದಿ ಪ್ರಕಾರ ಪೆಟ್ರಾಪೋಲ್-ಬೆನಾಪೋಲ್ ದಾಟಲು 138 ಗಂಟೆ ಬೇಕು. ಅದರಲ್ಲಿ 28 ಗಂಟೆ ಬರೀ ಇಳಿಸಿ ಏರಿಸುವುದಕ್ಕೆ. ಇಷ್ಟೇ ಸರಕು ಓಡಾಡುವ ಪೂರ್ವ ಆಫ್ರಿಕಾದ ಗಡಿಗಳಲ್ಲಿ 6 ಗಂಟೆಯೂ ಆಗುವುದಿಲ್ಲವಂತೆ. ಲಾರಿ ನೇರ ಹೋಗಲಿ ಅಂತ 2015ರಲ್ಲಿ ಬಾಂಗ್ಲಾದೇಶ, ಭೂತಾನ್, ಭಾರತ, ನೇಪಾಳ ಸೇರಿ ವಾಹನ ಒಪ್ಪಂದಕ್ಕೆ ಸಹಿ ಹಾಕಿದವು. ಭೂತಾನದ ಮೇಲ್ಮನೆ ಒಪ್ಪಲಿಲ್ಲ. ನಮ್ಮ ಬೇಲು ಇವತ್ತಿಗೂ ಹಮಾಲರ ಬೆನ್ನ ಮೇಲೇ ದಾಟುತ್ತದೆ.

ಬ್ಯಾಂಕಿನದೂ ಒಂದು ತಮಾಷೆ. ಅಲ್ಲಿ ಶುಕ್ರವಾರ, ಶನಿವಾರ ರಜೆ. ಇಲ್ಲಿ ಭಾನುವಾರ. ಗುರುವಾರ ಸಂಜೆ ಎಲ್‌ಸಿಯಲ್ಲಿ (ದುಡ್ಡು ಕೊಡುತ್ತೇವೆ ಅಂತ ಕೊಳ್ಳುವವರ ಬ್ಯಾಂಕ್ ಕೊಡುವ ಖಾತ್ರಿ ಪತ್ರ) ತಿದ್ದುಪಡಿ ಕೇಳಿದರೆ ಸೋಮವಾರದ ತನಕ ಸುಮ್ನೆ ಕೂರಬೇಕು. 2022ರಿಂದ ಅಲ್ಲಿ ಡಾಲರ್ ಕೊರತೆ ಶುರುವಾದ ಮೇಲೆ ಎಲ್‌ಸಿ ತೆರೆಯುವುದೇ ಕಷ್ಟವಾಯಿತು. ಪಕ್ಕದ ಮನೆಯವರ ಜೊತೆ ವ್ಯಾಪಾರಕ್ಕೂ ಅಮೆರಿಕದ ದುಡ್ಡೇ ಬೇಕು, ಅಲ್ವಾ?

ತಪ್ಪೆಲ್ಲ ಆಚೆಯವರದ್ದು ಅಂದುಕೊಳ್ಳಬೇಡಿ. 2012ರ ಮಾರ್ಚ್ 5ರಂದು ನಮ್ಮ ಸರ್ಕಾರ ದಿಢೀರ್ ಅಂತ ಹತ್ತಿ ರಫ್ತು ನಿಲ್ಲಿಸಿತ್ತು. ಒಂದೇ ವಾರದಲ್ಲಿ ಸಡಿಲ ಮಾಡಿತು, ನಿಜ. ಆದರೆ ನಮ್ಮ ಹಳೇ ಪಾರ್ಟಿಗಳು, ಅಂದರೆ ಹತ್ತಿ ಕೊಳ್ಳುವವರು, ಆ ಮಾತನ್ನು ಈಗಲೂ ಎತ್ತುತ್ತಾರೆ. "ನಿಮ್ಮ ರೇಟು ಚೆನ್ನಾಗಿದೆ, ಆದರೆ ನಿಮ್ಮ ಸರ್ಕಾರ ನಾಳೆ ಏನು ಮಾಡುತ್ತೋ" ಅಂತ ಅರ್ಧ ಆರ್ಡರ್ ಬ್ರೆಜಿಲ್‌ಗೋ ಪಶ್ಚಿಮ ಆಫ್ರಿಕಾಕ್ಕೋ ಕೊಡುತ್ತಾರೆ. ಸುಂಕಕ್ಕಿಂತ ಈ ಅನುಮಾನ ನಮಗೆ ದುಬಾರಿ.

ದಕ್ಷಿಣ ಏಷ್ಯಾ ದೇಶಗಳ ಮುಕ್ತ ವ್ಯಾಪಾರದ ಸಾಫ್ಟಾ ಒಪ್ಪಂದ ಜಾರಿಗೆ ಬಂದದ್ದು 2006ರಲ್ಲಿ. ಆದರೂ ದಕ್ಷಿಣ ಏಷ್ಯಾದ ಒಟ್ಟು ವ್ಯಾಪಾರದಲ್ಲಿ ತಮ್ಮತಮ್ಮೊಳಗಿನ ಪಾಲು ಶೇ. 5ರ ಆಸುಪಾಸು. ಆಗ್ನೇಯ ಏಷ್ಯಾ ದೇಶಗಳ ಕೂಟವಾದ ಆಸಿಯಾನ್‌ನಲ್ಲಿ ಅದು ಶೇ. 20ಕ್ಕೂ ಜಾಸ್ತಿ. ಭಾರತ, ಬಾಂಗ್ಲಾ ಎರಡೂ ಕಡೆ ಮಾಡುವ ಸರಕು ಒಂದೇ ಆಗಿರುವುದೂ ಒಂದು ಕಾರಣ. ನಾವೂ ನೂಲು ತೆಗೆಯುತ್ತೇವೆ, ಅವರೂ ತೆಗೆಯುತ್ತಾರೆ. 2025ರ ಏಪ್ರಿಲ್‌ನಲ್ಲಿ ಬಾಂಗ್ಲಾದೇಶ ಭಾರತದ ನೂಲನ್ನು ನೆಲದ ಗಡಿಯಲ್ಲಿ ನಿಲ್ಲಿಸಿದ್ದು ಅಲ್ಲಿನ ಮಿಲ್ಲಿನವರು ಕೇಳಿದ್ದಕ್ಕೆ. ಮೇ ತಿಂಗಳಲ್ಲಿ ಭಾರತ ಅವರ ಸಿದ್ಧ ಉಡುಪಿಗೆ ಅದನ್ನೇ ಮಾಡಿತು. ಗಡಿ ನಿಧಾನವಾದರೆ ಲಾಭ ಆಗುವವರು ಎರಡೂ ಕಡೆ ಇದ್ದಾರೆ. ಒಪ್ಪಂದದ ಕಾಗದದಲ್ಲಿ ಅವರ ಹೆಸರು ಇರುವುದಿಲ್ಲ, ಅಷ್ಟೇ.

ಅಷ್ಟು ದೂರ ಯಾಕೆ? ಸುಗ್ಗಿಯಲ್ಲಿ ನಮ್ಮ ರಾಯಚೂರಿನ ಭತ್ತದ ಲಾರಿಯನ್ನು ತೆಲಂಗಾಣ ಗಡಿಯಲ್ಲಿ ತಡೆದು ವಾಪಸ್ ಕಳಿಸಿದ್ದನ್ನು ನೋಡಿಲ್ಲವೇ? ಒಂದೇ ದೇಶ, ಒಂದೇ ಜಿಎಸ್‌ಟಿ.

ಈಗ ಪಾರ್ಟಿಗೆ ಎರಡು ರೇಟು ಕೊಡುತ್ತೇವೆ. ಒಂದು ಲಾರಿಯಲ್ಲಿ ಬೆನಾಪೋಲ್‌ಗೆ, ಇನ್ನೊಂದು ಕಂಟೇನರ್‌ನಲ್ಲಿ ಅಲ್ಲಿನ ಚಿತ್ತಗಾಂಗ್ ಬಂದರಿಗೆ. ಹಡಗು ಕೆಲವೊಮ್ಮೆ ಕೊಲಂಬೊ ಸುತ್ತಿ ಹೋಗುತ್ತದೆ. ಆದರೂ ಹಡಗಿನ ರೇಟನ್ನೇ ಒಪ್ಪುವ ಪಾರ್ಟಿಗಳಿದ್ದಾರೆ. ತಲುಪುವ ತಾರೀಖು ಹೆಚ್ಚುಕಮ್ಮಿ ಗೊತ್ತಿರುತ್ತದಲ್ಲ.