ಜಿಉ: ಗಂಡೋ ಹೆಣ್ಣೋ ಹೇಳದ ಎರಡಕ್ಷರ

ಮಗು ಹುಟ್ಟಿ ಹದಿನೆಂಟನೇ ದಿನ. ದಕ್ಷಿಣ ಕೊರಿಯಾದ ಸುವಾನ್ ನಗರದ ಆ ಮನೆಯ ಊಟದ ಮೇಜಿನ ಮೇಲೆ ಬೆಳಿಗ್ಗೆಯಿಂದ ಮೂರು ಕಾಗದ ಬಿದ್ದಿದ್ದವು. ಆಸ್ಪತ್ರೆ ಕೊಟ್ಟ ಜನನ ಪತ್ರ, ಜನನ ನೋಂದಣಿಯ ಖಾಲಿ ಅರ್ಜಿ, ಮತ್ತು ಹೆಸರುಗಳನ್ನು ಬರೆದು ಹೊಡೆದು ಹಾಕಿದ ಒಂದು ಹಾಳೆ. ಹಾಳೆಯಲ್ಲಿ ಕೊನೆಗೆ ಉಳಿದದ್ದು ಒಂದೇ: ಕಿಮ್ ಜಿಉ. ಕಿಮ್ ಮನೆತನದ ಹೆಸರು, ಮೊದಲು ಬರುತ್ತದೆ. ಜಿಉ ಮಗುವಿನ ಹೆಸರು.

ಕೊರಿಯಾದಲ್ಲಿ ಹುಟ್ಟಿದ ಒಂದು ತಿಂಗಳೊಳಗೆ ನೋಂದಣಿ ಆಗಬೇಕು. ತಡವಾದರೆ 50,000 ವಾನ್‌ವರೆಗೆ ದಂಡ. 2024ರ ಜುಲೈ 19ರಿಂದ ಜನನದ ಮಾಹಿತಿಯನ್ನು ಆಸ್ಪತ್ರೆಯೇ ಸರ್ಕಾರಕ್ಕೆ ಮುಟ್ಟಿಸುತ್ತದೆ, ಆದರೆ ಹೆಸರಿಟ್ಟು ಅರ್ಜಿ ತುಂಬುವ ಕೆಲಸ ಹೆತ್ತವರದೇ. ಅಂದಹಾಗೆ ಆ 50,000 ವಾನ್ ನೋಟಿನ ಮೇಲಿರುವುದು ಶಿನ್ ಸೈಮ್‌ದಾಂಗ್ ಎಂಬ ಹಳೆಗಾಲದ ಚಿತ್ರಕಾರ್ತಿಯ ಮುಖ. ಸೈಮ್‌ದಾಂಗ್ ಎಂಬುದು ಆಕೆಯ ಕಾವ್ಯನಾಮದಂಥ ಹೆಸರು, ಹೆತ್ತವರು ಇಟ್ಟದ್ದಲ್ಲ. ಜೋಸನ್ ಅರಸರ ಕಾಲದ ವಂಶಾವಳಿಗಳಲ್ಲಿ ಹೆಂಗಸರಿಗೆ ಸಾಮಾನ್ಯವಾಗಿ ಹೆಸರೇ ಇರುತ್ತಿರಲಿಲ್ಲ. ಇಂಥ ಮನೆತನದಿಂದ ಬಂದವಳು, ಇಂಥವರ ಹೆಂಡತಿ ಎಂದಷ್ಟೇ ಬರೆಯುತ್ತಿದ್ದರು.

ಗಂಡು ಹೆಣ್ಣು ಎರಡಕ್ಕೂ ಒಪ್ಪುವ ಹೆಸರು ಈ ಮನೆಗೆ ಬಂದದ್ದು ಮಗು ಹುಟ್ಟುವ ಮುಂಚೆಯೇ. ಅದಕ್ಕೊಂದು ಹಿನ್ನೆಲೆಯಿದೆ. ಗಂಡುಮಕ್ಕಳೇ ಬೇಕೆಂಬ ಹಟದಿಂದ ಭ್ರೂಣಹತ್ಯೆ ಹೆಚ್ಚಾಗಿದ್ದ ಕಾಲದಲ್ಲಿ, ಹೊಟ್ಟೆಯಲ್ಲಿರುವುದು ಗಂಡೋ ಹೆಣ್ಣೋ ಎಂದು ವೈದ್ಯರು ಹೇಳಬಾರದೆಂಬ ಕಾನೂನು ಬಂದಿತ್ತು. ಆಮೇಲೆ ಅದನ್ನು ಸಡಿಲಿಸಿ, 32 ವಾರದ ತನಕ ಹೇಳಬಾರದು ಎಂದು ಮಾಡಿದರು. ಅದೂ ಬಿದ್ದುಹೋದದ್ದು 2024ರ ಫೆಬ್ರವರಿ 28ರಂದು, ಸಂವಿಧಾನ ನ್ಯಾಯಾಲಯದ ತೀರ್ಪಿನಿಂದ. ಹೊಟ್ಟೆಯಲ್ಲಿರುವ ಕೂಸನ್ನು ಕರೆಯಲು ಕೊರಿಯನ್ನರು ತೆಮ್ಯೊಂಗ್ ಎಂಬ ಮುದ್ದಿನ ಹೆಸರು ಇಟ್ಟುಕೊಳ್ಳುತ್ತಾರೆ. ಕೊಂಗಿ ಎಂದರೆ ಕಾಳು, ಥುನ್‌ಥುನಿ ಎಂದರೆ ಗಟ್ಟಿಮುಟ್ಟು. ಇವಕ್ಕೆ ಗಂಡು ಹೆಣ್ಣಿನ ಹಂಗಿಲ್ಲ. ಒಂಬತ್ತು ತಿಂಗಳು ಹೀಗೆ ಕರೆದು ರೂಢಿಯಾದವರಿಗೆ ಆಮೇಲೂ ಅಂಥದೇ ಹೆಸರು ಸಲೀಸು. ಹಿಂದೆ ಮಗು ಯಾವುದು ಎಂದು ಸಾರುತ್ತಿದ್ದದ್ದು ಮನೆಯ ಬಾಗಿಲು. ಹುಟ್ಟಿದ 21 ದಿನ ಬಾಗಿಲಿಗೆ ಹುಲ್ಲಿನ ಹಗ್ಗ ಕಟ್ಟುತ್ತಿದ್ದರು; ಗಂಡಾದರೆ ಅದರಲ್ಲಿ ಕೆಂಪು ಮೆಣಸಿನಕಾಯಿ, ಹೆಣ್ಣಾದರೆ ಇದ್ದಿಲು ಮತ್ತು ಪೈನ್ ಮರದ ಎಸಳು.

ಹೆಸರುಗಳೂ ಹಾಗೆಯೇ ಸಾರುತ್ತಿದ್ದವು. 'ಜಾ' ಎಂದು ಮುಗಿದರೆ ಹೆಂಗಸು: ಯೊಂಗ್‌ಜಾ, ಸುನ್‌ಜಾ. ಇದು ಜಪಾನಿನ ಆಳ್ವಿಕೆಯ ಗುರುತು. ಅವರ 'ಕೊ' ಎಂಬ ಅಕ್ಷರವನ್ನೇ ಕೊರಿಯನ್ನರು 'ಜಾ' ಎಂದು ಓದುತ್ತಾರೆ. 'ಸುಕ್', 'ಹೀ' ಹೆಚ್ಚಾಗಿ ಹೆಂಗಸರ ಕೊನೆಗಳು. 'ಛೊಲ್', 'ಸಿಕ್', 'ಹೊ' ಗಂಡಸರವು. ಮಗಳ ಮೇಲೆ ಮಗಳು ಹುಟ್ಟಿದ ಮನೆಯಲ್ಲಿ ಮಲ್‌ಜಾ ಎಂದರೆ ಕೊನೆಯವಳು, ಹುನಾಮ್ ಎಂದರೆ ಮುಂದಿನದು ಗಂಡಾಗಲಿ. ನಮ್ಮ ಹಳ್ಳಿಗಳ ಸಾಕಮ್ಮಂದಿರನ್ನು ಕಂಡವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಜಿಉ ಎರಡೂ ಕಡೆ ಸಲ್ಲುವುದು ಏಕೆ ಎಂಬುದು ಅದರ ಉಚ್ಚಾರದಲ್ಲೇ ಇದೆ. 'ಉ' ಎಂಬ ಕೊನೆ ಹ್ಯೊನ್‌ಉ, ಜಿನ್‌ಉ ಥರದ ಹೆಸರುಗಳಲ್ಲಿ ಗಂಡಿನ ಕಡೆ ವಾಲುತ್ತದೆ. ಅಲ್ಲಿ ಮೊದಲ ಉಚ್ಚಾರ, ಅಂದರೆ ಒಂದೇ ಉಸಿರಿಗೆ ಹೇಳುವ ತುಂಡು, 'ನ್' ಎಂಬ ವ್ಯಂಜನದಲ್ಲಿ ಮುಚ್ಚಿಕೊಳ್ಳುತ್ತದೆ. ಜಿಉನಲ್ಲಿ ಎರಡೂ ಸ್ವರದಲ್ಲೇ ತೆರೆದು ನಿಲ್ಲುತ್ತವೆ, ಹಾಗಾಗಿ ಮೃದುವಾಗಿ ಕೇಳುತ್ತದೆ. ನಟಿ ಛ್ವೆ ಜಿಉ ಹುಟ್ಟುಹೆಸರು ಮಿಹ್ಯಾಂಗ್. ಅದು ಕಿವಿಗೆ ಬಿದ್ದ ಕೂಡಲೇ ಹೆಣ್ಣೆಂದು ತಿಳಿಯುವ ಹೆಸರು; ಜಿಉ ಎಂಬುದನ್ನು ತೆರೆಗಾಗಿ ಇಟ್ಟುಕೊಂಡದ್ದು. ಪೋಕೆಮಾನ್ ಕಾರ್ಟೂನಿನ ಹುಡುಗ ಆ್ಯಶ್ ಕೊರಿಯನ್ ಭಾಷೆಯಲ್ಲಿ ಜಿಉ. ಒಬ್ಬಳು ತಾರೆ, ಒಬ್ಬ ಪೋರ, ಹೆಸರು ಒಂದೇ.

ಬರೆಯುವಾಗ ಕನ್ನಡಿಗರು ಎರಡು ಕಡೆ ಜಾರುತ್ತಾರೆ. ಇಂಗ್ಲಿಷಿನಲ್ಲಿ 'ವೂ' ಎಂದು ಬರೆದದ್ದನ್ನು ನೋಡಿ ಜಿವೂ ಎನ್ನುವುದು ಒಂದು; ಮೂಲದಲ್ಲಿ ಅಲ್ಲಿ 'ವ' ಇಲ್ಲ, ಬರೀ 'ಉ'. ಇನ್ನೊಂದು ಜಿಯು. 'ಇ' ಆದ ಮೇಲೆ ಸ್ವರ ಬಂದರೆ ನಮ್ಮ ನಾಲಿಗೆ ತಾನಾಗಿ ಯಕಾರ ತಂದುಕೊಳ್ಳುತ್ತದೆ, ಶಾಲೆಯಲ್ಲಿ ಕಲಿತ ಆಗಮ ಸಂಧಿ. ಎರಡು ಸ್ವರವನ್ನು ಬಿಡಿಸಿ ಹೇಳಬೇಕು. ಮೊದಲ ಅಕ್ಷರವೂ ಒಂದೇ ಥರ ಇರುವುದಿಲ್ಲ: ಹೆಸರನ್ನಷ್ಟೇ ಹೇಳಿದರೆ ಚ ಮತ್ತು ಜ ನಡುವೆ ಎಲ್ಲೋ ಬೀಳುತ್ತದೆ, ಕಿಮ್ ಸೇರಿಸಿ ಹೇಳಿದರೆ ಮಕಾರದ ಪಕ್ಕದಲ್ಲಿ ಅಚ್ಚ ಜಕಾರವಾಗುತ್ತದೆ.

ಇನ್ನು ಅರ್ಥ. 'ಜಿಉ ಅಂದರೆ ಏನು' ಎಂದು ಕೇಳಿದರೆ ಕೊರಿಯನ್ನರು ಮರಳಿ ಕೇಳುತ್ತಾರೆ, 'ಯಾವ ಜಿ, ಯಾವ ಉ?' ಕೊರಿಯನ್ನರ ಹಂಗುಲ್ ಲಿಪಿ ಸದ್ದನ್ನು ಮಾತ್ರ ಹಿಡಿಯುತ್ತದೆ. ಅರ್ಥ ಇರುವುದು ಹಿಂದೆ ನಿಂತ ಹಾಂಜಾದಲ್ಲಿ, ಅಂದರೆ ಚೀನೀ ಮೂಲದ ಅಕ್ಷರದಲ್ಲಿ. ಜಿ ಎಂದು ಓದುವವು: ಸಂಕಲ್ಪ, ವಿವೇಕ, ಅರಿವು, ಭೂಮಿ, ಕೊಳ, ಇನ್ನೂ ಹತ್ತಾರು. ಉ ಎಂದು ಓದುವವು: ಮನೆ ಅಥವಾ ವಿಶ್ವ, ದೈವದ ನೆರವು, ಗೆಳೆಯ, ಮಳೆ. ಎತ್ತು ಎಂಬ ಅಕ್ಷರವೂ ಉ, ದಡ್ಡ ಎಂಬುದೂ ಉ. ಸರಿಯಾಗಿ ಜೋಡಿಸದಿದ್ದರೆ ಪೇಚು: ಅರಿವು ಮತ್ತು ಗೆಳೆಯ ಸೇರಿದರೆ 'ಆಪ್ತಮಿತ್ರ' ಎಂಬ ನಿಘಂಟಿನ ಪದ, ಬೇರೊಂದು ಜಿಯ ಪಕ್ಕಕ್ಕೆ ದಡ್ಡನ ಉ ಬಂದರೆ 'ಶುದ್ಧ ಮೂರ್ಖ', ಅದೂ ನಿಘಂಟಿನಲ್ಲಿದೆ. ಅಂತರ್ಜಾಲದಲ್ಲಿ ಹೆಸರಿನ ಎದುರು ಒಂದೇ ಸಾಲಿನ ಅರ್ಥ ಕೊಡುವ ಪಟ್ಟಿಗಳನ್ನು ನಂಬಬಾರದು ಎನ್ನುವುದು ಇದಕ್ಕೇ. ಅಪವಾದ ಅಚ್ಚ ಕೊರಿಯನ್ ಪದಗಳ ಹೆಸರು: ಹನುಲ್ ಎಂದರೆ ಆಕಾಶ, ಹಾಂಜಾ ಬೇಡ, ಅದೂ ಗಂಡು ಹೆಣ್ಣು ಎರಡಕ್ಕೂ ನಡೆಯುತ್ತದೆ.

ಮನೆಯವರಿಗೆ ಮೊದಲು ಹಿಡಿಸಿದ್ದು ಸಂಕಲ್ಪದ ಜಿ, ವಿಶ್ವದ ಉ. ಜಿ ಬರೆಯುವಾಗ ಮೇಲೆ ವಿದ್ವಾಂಸ ಎಂಬ ಅಕ್ಷರ, ಮೂರು ಗೆರೆ. ಕೆಳಗೆ ಹೃದಯ, ನಾಲ್ಕು ಗೆರೆ. ಒಟ್ಟು ಏಳು. ಉ ಬರೆಯುವಾಗ ಮೇಲೊಂದು ಸೂರು, ಅದರಡಿ ಮೂರು ಗೆರೆ; ಒಟ್ಟು ಆರು. ಮಕ್ಕಳು ಹಾಂಜಾ ಕಲಿಯುತ್ತಿದ್ದ ಸಾವಿರ ಅಕ್ಷರಗಳ ಹಳೆಯ ಪಾಠದಲ್ಲಿ ಆಕಾಶ, ಭೂಮಿ, ಕಪ್ಪು, ಹಳದಿ ಆದ ಮೇಲೆ ಐದನೆಯದೇ ಈ ಉ. ಹಿರಿಯರು ಇಂದಿಗೂ ಅದನ್ನು 'ಚಿಪ್ ಉ', ಅಂದರೆ 'ಮನೆ ಉ' ಎಂದೇ ಕರೆಯುತ್ತಾರೆ.

ಅಜ್ಜನ ಆಕ್ಷೇಪ ಬೇರೆ. ಅವರ ವಂಶದಲ್ಲಿ ತೊಲ್ಲಿಮ್‌ಜಾ ಇದೆ. ಒಂದು ತಲೆಮಾರಿನ ಎಲ್ಲರ ಹೆಸರಲ್ಲೂ ಬರಬೇಕಾದ ಒಂದೇ ಅಕ್ಷರ ಅದು. ಎಷ್ಟೋ ವಂಶಗಳಲ್ಲಿ ಇದು ಮರ, ಬೆಂಕಿ, ಮಣ್ಣು, ಲೋಹ, ನೀರು ಎಂಬ ಐದು ಧಾತುಗಳ ಸರದಿಯಲ್ಲಿ ಬರುತ್ತದೆ: ಅಜ್ಜನ ಅಕ್ಷರದಲ್ಲಿ ಮರ, ಅಪ್ಪನದರಲ್ಲಿ ಬೆಂಕಿ, ಈ ಮಗುವಿನ ಸರದಿ ಮಣ್ಣು. ಮಣ್ಣಿರುವ 'ಗ್ಯು' ಎಂಬ ಅಕ್ಷರವನ್ನು ಕೊನೆಯಲ್ಲಿಟ್ಟರೆ ಮಿನ್‌ಗ್ಯು ಆಗುತ್ತದೆ, ಹುಡುಗನ ಹೆಸರು. ತೊಲ್ಲಿಮ್‌ಜಾ ಬಹಳ ಕಾಲ ಗಂಡುಮಕ್ಕಳಿಗೇ ಮೀಸಲು. ಹೆಣ್ಣುಮಕ್ಕಳನ್ನು ಆ ಲೆಕ್ಕಕ್ಕೆ ಸೇರಿಸಿದ ಮನೆಗಳು ಕಡಿಮೆ. ಅದನ್ನು ಕೈಬಿಟ್ಟರೆ ಮಾತ್ರ ಜಿಉ ಥರದ ಹೆಸರಿಗೆ ಜಾಗ. 2008ರ ಜನವರಿ 1ರಂದು ಗಂಡಸನ್ನೇ ಮನೆಯ ಯಜಮಾನನೆಂದು ದಾಖಲಿಸುತ್ತಿದ್ದ ಹೊಜು ಪದ್ಧತಿ ರದ್ದಾಗಿ, ಮದುವೆ ನೋಂದಣಿಯ ಹೊತ್ತಿಗೆ ಒಪ್ಪಿಕೊಂಡಿದ್ದರೆ ಮಗುವಿಗೆ ತಾಯಿಯ ಮನೆತನದ ಹೆಸರನ್ನೂ ಇಡಬಹುದು ಎಂದಾಯಿತು. ಅಜ್ಜನಿಗೆ ಇದೆಲ್ಲ ಒಂದೇ ಹೊಳೆಯ ನೀರು.

ಮಧ್ಯಾಹ್ನ ಜಾಂಗ್‌ಮ್ಯೊಂಗ್‌ಸೊ, ಅಂದರೆ ಹೆಸರು ಕಟ್ಟಿಕೊಡುವವರ ಅಂಗಡಿ. ಇವರು ನೋಡುವುದು ಹುಟ್ಟಿದ ವರ್ಷ, ತಿಂಗಳು, ದಿನ, ಗಳಿಗೆ. ಆಮೇಲೆ ಗೆರೆಗಳ ಎಣಿಕೆ. ಎಣಿಕೆ ನಾಲ್ಕು ಥರ. ಕಿಮ್ ಎಂಬ ಅಕ್ಷರಕ್ಕೆ 8 ಗೆರೆ, ಜಿಗೆ 7, ಉಗೆ 6. ಹೆಸರಿನ ಎರಡೂ ಸೇರಿ 13. ಮನೆತನ ಮತ್ತು ಮೊದಲಕ್ಷರ 15. ಮನೆತನ ಮತ್ತು ಕೊನೆಯಕ್ಷರ 14. ಎಲ್ಲ ಸೇರಿ 21. ಇವನ್ನು 81 ಸಂಖ್ಯೆಗಳ ಕೋಷ್ಟಕದಲ್ಲಿ ನೋಡಿದರೆ 13 ಮತ್ತು 15 ಶುಭ, 14 ಅಶುಭ. 21 ನಾಯಕನ ಸಂಖ್ಯೆ, ಬಹಳ ಒಳ್ಳೆಯದು. ಆದರೆ ಹುಡುಗನಿಗೆ ಮಾತ್ರ. 21, 23, 33, 39 ಹೆಂಗಸಿಗೆ 'ಅತಿಯಾದ' ಸಂಖ್ಯೆಗಳು, ಗಂಡನಿಗೆ ಆಗಿಬರುವುದಿಲ್ಲ ಎಂದು ಈ ಶಾಸ್ತ್ರದವರ ಮಾತು. ಹೆಸರು ಲಿಂಗ ಕೇಳದಿದ್ದರೂ ಕೋಷ್ಟಕ ಕೇಳಿತು. ಇದೇನು ಪುರಾತನ ಜ್ಞಾನವೂ ಅಲ್ಲ; 81ರ ಕೋಷ್ಟಕ ಹಬ್ಬಿದ್ದು ಜಪಾನಿನಿಂದ, ಕಳೆದ ಶತಮಾನದಲ್ಲಿ. ಮದುವೆಗೆ ಜಾತಕ ಕೂಡಿಸುವ ನಾಡಿನಿಂದ ಬಂದವರು ನಗುವ ಹಾಗಿಲ್ಲ, ಬಿಡಿ.

ಉ ಬದಲಾಯಿಸಿದರು. ವಿಶ್ವದ ಉ ತೆಗೆದು ದೈವದ ನೆರವಿನ ಉ ಇಟ್ಟರೆ 10 ಗೆರೆ. ಈಗ 17, 15, 18, 25. ನಾಲ್ಕೂ ಶುಭ, ಗಂಡು ಹೆಣ್ಣೆಂಬ ತಕರಾರೂ ಇಲ್ಲ. ಇಲ್ಲೊಂದು ಎಚ್ಚರ: ಈ ಅಕ್ಷರದ ಎಡಭಾಗ ಪೂಜೆಯ ಪೀಠ. ಕೈಬರಹದಲ್ಲಿ ಅದು ನಾಲ್ಕೇ ಗೆರೆ, ಆದರೆ ಹೆಸರಿನ ಲೆಕ್ಕದಲ್ಲಿ ಮೂಲರೂಪದ ಐದು ಹಿಡಿಯುತ್ತಾರೆ. ನೀರಿನ ಮೂರು ಚುಕ್ಕಿಯ ಗುರುತೂ ಹಾಗೆಯೇ, ಬರೆಯುವುದು ಮೂರು, ಎಣಿಸುವುದು ನಾಲ್ಕು. ಮನೆಯಲ್ಲೇ ಎಣಿಸಿಕೊಂಡು ಹೋದವರ ಲೆಕ್ಕ ಅಂಗಡಿಯ ಲೆಕ್ಕಕ್ಕೆ ತಾಳೆಯಾಗದಿರುವುದು ಈ ಕಾರಣಕ್ಕೆ.

ಹೆಸರಿನ ಸದ್ದಿಗೂ ಆ ಐದು ಧಾತುಗಳ ಲೆಕ್ಕವಿದೆ, ಅಲ್ಲಿ ಮತ್ತೊಂದು ಗಂಟು. ಕಿಮ್‌ನ ಕಕಾರ ಮರ, ಜಿಯ ಜಕಾರ ಲೋಹ. ಲೋಹ ಮರವನ್ನು ಕಡಿಯುತ್ತದೆ. ಆದರೆ ಕಿಮ್‌ನ ಕೊನೆಯ ಮಕಾರವನ್ನೂ ಹಿಡಿದರೆ ಅದು ನೀರು, ಲೋಹದಿಂದ ನೀರು, ನೀರಿನಿಂದ ಮರ ಎಂದು ಜಗಳ ಇತ್ಯರ್ಥ. ಮಕಾರ ನೀರೇ ಎಂಬುದರಲ್ಲೂ ಒಮ್ಮತವಿಲ್ಲ. ಹಂಗುಲ್ ಲಿಪಿಯ ಜೊತೆಗೇ 1446ರಲ್ಲಿ ಬಂದ ವಿವರಣೆಯಲ್ಲಿ ತುಟಿಯ ಅಕ್ಷರಗಳು ಮಣ್ಣು, ಗಂಟಲಿನವು ನೀರು. ಅಂಗಡಿಗಳಲ್ಲಿ ನಡೆಯುವುದು ಹೆಚ್ಚಾಗಿ ಇದರ ತಿರುವುಮುರುವು.

ಇಷ್ಟೆಲ್ಲ ಪಾಸಾದ ಹೆಸರಿಗೂ ಶಾಲೆಯ ಅಂಗಳದಲ್ಲಿ ಒಂದು ಅಡ್ಡಹೆಸರು ಕಾದಿದೆ. ಜಿಉಗೆ ಎಂದರೆ ರಬ್ಬರ್, ಪೆನ್ಸಿಲ್ ಅಳಿಸುವ ರಬ್ಬರ್. ಯಾವ ಜಿಉ ಕೂಡ ಇದರಿಂದ ತಪ್ಪಿಸಿಕೊಂಡಿರಲಿಕ್ಕಿಲ್ಲ. ಅಮ್ಮ ಅದನ್ನು ಮೊದಲೇ ಯೋಚಿಸಿ, 'ಇದಕ್ಕಿಂತ ಕೆಟ್ಟದ್ದು ಸಿಗಬಹುದಿತ್ತು' ಎಂದು ತೀರ್ಮಾನಿಸಿಯಾಗಿತ್ತು.

ಸಂಜೆ ನಾಲ್ಕಕ್ಕೆ ಜುಮಿನ್ ಸೆಂಟರ್, ನಮ್ಮ ವಾರ್ಡ್ ಕಚೇರಿಯ ಹಾಗೆ. ಅರ್ಜಿಯಲ್ಲಿ ಹೆಸರಿಗೆ ಎರಡು ಸಾಲು, ಹಂಗುಲ್ ಮತ್ತು ಹಾಂಜಾ. ಹಾಂಜಾ ಖಾಲಿ ಬಿಡಬಹುದು. ಬರೆಯುವುದಾದರೆ ಸರ್ವೋಚ್ಚ ನ್ಯಾಯಾಲಯ ಹೆಸರಿಗೆಂದು ಒಪ್ಪಿದ ಪಟ್ಟಿಯಲ್ಲಿರಬೇಕು. 2024ರಲ್ಲಿ ಸಾವಿರಕ್ಕೂ ಹೆಚ್ಚು ಸೇರಿಸಿದ ಮೇಲೆ ಪಟ್ಟಿ 9,000 ದಾಟಿದೆ. ಮನೆತನ ಬಿಟ್ಟು ಹೆಸರು ಐದು ಉಚ್ಚಾರ ಮೀರುವಂತಿಲ್ಲ. ಅಪ್ಪನ ಅಥವಾ ಅಮ್ಮನ ಹೆಸರನ್ನೇ ಮಗುವಿಗೆ ಇಡುವಂತಿಲ್ಲ. ಹೆಚ್ಚಿನ ತಪ್ಪುಗಳು ಆಗುವುದು ಬಾಯಿಮಾತಿನಲ್ಲಿ. 'ನೆರವಿನ ಉ' ಎಂದರೆ ಪೀಠವಿರುವ ಉ ಒಂದು, ಮನುಷ್ಯನ ಗುರುತಿರುವ ಉ ಇನ್ನೊಂದು, ಎರಡಕ್ಕೂ ಅರ್ಥ ನೆರವೇ. ದೊಡ್ಡದಾಗಿ ಬರೆದು ತೋರಿಸುವುದೇ ದಾರಿ. ತಪ್ಪು ಅಕ್ಷರ ದಾಖಲಾಗಿ ಹೆಸರು ಬದಲಿಸಬೇಕೆಂದರೆ ಕೌಟುಂಬಿಕ ನ್ಯಾಯಾಲಯದ ಅನುಮತಿ ಬೇಕು. 2005ರ ತೀರ್ಪಿನ ನಂತರ ಅನುಮತಿ ಸುಲಭವಾಗಿದೆ, ಓಡಾಟ ತಪ್ಪುವುದಿಲ್ಲ.

ಪಾಸ್‌ಪೋರ್ಟಿನ ಕಾಗುಣಿತವನ್ನೂ ಅಂದೇ ನಿರ್ಧರಿಸಿಕೊಳ್ಳುವುದು ಒಳ್ಳೆಯದು, ಒಮ್ಮೆ ಕೊಟ್ಟ ರೋಮನ್ ಅಕ್ಷರಗಳನ್ನು ಆಮೇಲೆ ತಿದ್ದುವುದು ಕಷ್ಟ. ಎರಡು ಉಚ್ಚಾರವನ್ನು ಬಿಡಿಸಿ ಬರೆದರೆ ಹೊರದೇಶದ ಕಂಪ್ಯೂಟರ್ ಮೊದಲನೆಯದನ್ನು ಹೆಸರೆಂದೂ ಎರಡನೆಯದನ್ನು ನಡುಹೆಸರೆಂದೂ ತಿಳಿದು ಮಗುವನ್ನು ಬರೀ 'ಜಿ' ಮಾಡಿಬಿಡುತ್ತದೆ. ಕೊರಿಯನ್ ಸಹೋದ್ಯೋಗಿಗಳಿರುವ ಬೆಂಗಳೂರಿನ ಕಚೇರಿಗಳಲ್ಲೂ ಹೀಗೆ 'ಜಿ' ಆದವರಿದ್ದಾರೆ. ಮೇಲ್ ಬರೆಯುವಾಗ ಶ್ರೀಯೋ ಶ್ರೀಮತಿಯೋ ತಿಳಿಯದಿದ್ದರೆ 'ಜಿಉ ನಿಮ್' ಎಂದರಾಯಿತು. ನಿಮ್ ಎಂಬುದು ನಮ್ಮ 'ಅವರು' ಇದ್ದ ಹಾಗೆ, ಲಿಂಗವಿಲ್ಲ. ಕೊರಿಯನ್ ಕ್ರಿಯಾಪದದಲ್ಲೂ ಇಲ್ಲ. ಕಷ್ಟ ಕನ್ನಡದ್ದು: ಜಿಉ ಬಂದ ಎನ್ನಬೇಕೋ ಬಂದಳು ಎನ್ನಬೇಕೋ? ಸದ್ಯಕ್ಕೆ 'ಮಗು ಬಂತು' ಎಂದು ಬಚಾವಾಗಬಹುದು, ಎರಡು ಮೂರು ವರ್ಷದ ತನಕ.

ಅರ್ಜಿಯಲ್ಲಿ ಗಂಡು ಹೆಣ್ಣು ಎಂಬ ಎರಡು ಗುರುತುಗಳಿವೆ. ಅಪ್ಪ ಒಂದಕ್ಕೆ ಟಿಕ್ ಹಾಕಿ ಕೊಟ್ಟರು. ಮಗುವಿಗೆ ಸಿಗುವ ನಿವಾಸಿ ಸಂಖ್ಯೆಗೆ 13 ಅಂಕಿ. ಮೊದಲ ಆರು ಹುಟ್ಟಿದ ದಿನ, ಏಳನೆಯದು ಲಿಂಗ. 2000ದಿಂದ ಈಚೆಗೆ ಹುಟ್ಟಿದ ಗಂಡಿಗೆ 3, ಹೆಣ್ಣಿಗೆ 4. ಆಮೇಲಿನ ಅಂಕಿಗಳಲ್ಲಿ ಹಿಂದೆ ಊರಿನ ಸಂಕೇತ ಇರುತ್ತಿತ್ತು, 2020ರ ಅಕ್ಟೋಬರ್‌ನಿಂದ ಅದನ್ನು ತೆಗೆದುಹಾಕಿದರು. ಏಳನೆಯ ಅಂಕಿಯನ್ನು ಹಾಗೆಯೇ ಉಳಿಸಿದರು. ಸಂಖ್ಯೆ ಬಂದ ಹಾಳೆಯಲ್ಲಿ ಕಿಮ್ ಜಿಉ ಎಂಬ ಹೆಸರಿನ ಪಕ್ಕ ಹುಟ್ಟಿದ ದಿನದ ಆರು ಅಂಕಿ, ಒಂದು ಅಡ್ಡಗೆರೆ, ಗೆರೆಯ ಆಚೆ 4.