ಇಳಿದಷ್ಟೂ ಹತ್ತಬೇಕಲ್ಲ!

ಮಂಗಳವಾರ, 10 ಅಕ್ಟೋಬರ್ 2023
ಸೌತ್ ರಿಮ್, ಗ್ರ್ಯಾಂಡ್ ಕ್ಯಾನ್ಯನ್, ಅರಿಝೋನಾ

ಗ್ರ್ಯಾಂಡ್ ಕ್ಯಾನ್ಯನ್ ಕಣಿವೆ ಇಳಿಯೋಕೆ ಗೈಡ್ ಯಾಕೆ ಅಂತ ಭಾವ ನಿನ್ನೆ ರಾತ್ರಿವರೆಗೂ ವಾದ ಮಾಡುತ್ತಲೇ ಇದ್ದರು. ಸೌತ್ ಕೈಬಾಬ್ ಅನ್ನೋದು ಒಂದೇ ದಾರಿ. ಎಡವೂ ಇಲ್ಲ, ಬಲವೂ ಇಲ್ಲ. ಒಂದು ಕಡೆ ಬಂಡೆ, ಇನ್ನೊಂದು ಕಡೆ ಪ್ರಪಾತ. ದಾರಿ ತಪ್ಪೋಕೆ ಜಾಗವಾದರೂ ಎಲ್ಲಿದೆ? ಮಾತು ನಿಜವೇ. ಆದರೆ ನನಗೆ ಆ ಕಲ್ಲುಗಳ ಕಥೆ ಹೇಳುವವರೊಬ್ಬರು ಜೊತೆಗೆ ಬೇಕಿತ್ತು. ಅಕ್ಕನಿಗೆ ಅಂಚಿನ ಭಯ. ಇಬ್ಬರೂ ಒಂದಾದ ಮೇಲೆ ಭಾವನ ಮಾತು ನಡೆಯಲಿಲ್ಲ.

ಬೆಳಿಗ್ಗೆ ಇನ್ನೂ ಕತ್ತಲಿರುವಾಗಲೇ ಗೈಡ್ ವ್ಯಾನ್ ತಂದು ಹೋಟೆಲ್ ಮುಂದೆ ನಿಲ್ಲಿಸಿದ್ದರು. ಎರಡೆರಡು ಗಡಿಯಾರ ನೋಡಿ ಹೊರಟಿದ್ದೆವು. ಅರಿಝೋನಾದಲ್ಲಿ ಬೇಸಿಗೆಗೊಂದು ಚಳಿಗಾಲಕ್ಕೊಂದು ಅಂತ ಗಡಿಯಾರ ತಿರುಗಿಸುವ ಪದ್ಧತಿ ಇಲ್ಲ. ಪಕ್ಕದ ನವಾಹೋ ಬುಡಕಟ್ಟಿನವರ ಸೀಮೆಯಲ್ಲಿ ಇದೆ. ನಿನ್ನೆ ಅದನ್ನು ದಾಟಿ ಬರುವಾಗ ಫೋನು ಒಂದು ಗಂಟೆ ಮುಂದಕ್ಕೆ ಓಡಿ, ಆಮೇಲೆ ತಾನೇ ವಾಪಸ್ ಬಂದಿತ್ತು. ಅಂದಿನಿಂದ ಅಕ್ಕನಿಗೆ ಫೋನಿನ ಮೇಲೆ ನಂಬಿಕೆ ಇಲ್ಲ.

ಸೌತ್ ಕೈಬಾಬ್ ಶುರುವಾಗುವ ಯಾಕಿ ಪಾಯಿಂಟ್ ಕಡೆಯ ರಸ್ತೆಗೆ ಖಾಸಗಿ ಕಾರು ಬಿಡುವುದಿಲ್ಲ. ಪಾರ್ಕಿನ ಶಟಲ್ ಬಸ್ಸಿನಲ್ಲೇ ಹೋಗಬೇಕು, ಇಲ್ಲಾ ಹೀಗೆ ಪರವಾನಗಿ ಇರುವ ಗೈಡ್ ಜೊತೆ. ದಾರಿ ಶುರುವಾಗುವ ಜಾಗದಲ್ಲಿ ಗೈಡ್ ಮೊದಲು ಮಾಡಿದ ಕೆಲಸ ನಮ್ಮ ಬ್ಯಾಗು ಬಿಚ್ಚಿಸಿದ್ದು. ನೀರು ಎಷ್ಟಿದೆ ನೋಡಿದರು. ತಲೆಗೆ ಮೂರು ಲೀಟರ್ ಇತ್ತು, ಸರಿ ಅಂದರು. ಆಮೇಲೆ ಕೇಳಿದರು: "ಉಪ್ಪು ಇರೋ ತಿಂಡಿ ಎಲ್ಲಿ?"

ಅಕ್ಕ ಒಣದ್ರಾಕ್ಷಿ, ಚಾಕೊಲೇಟ್ ತೋರಿಸಿದಳು. ಅವರು ತಲೆ ಅಲ್ಲಾಡಿಸಿ ತಮ್ಮ ಚೀಲದಿಂದ ಚಿಪ್ಸು, ಉಪ್ಪು ಹಾಕಿದ ಕಡಲೆಕಾಯಿ ಬೀಜ ತೆಗೆದು ಕೊಟ್ಟರು. ಇಲ್ಲಿನ ಒಣ ಗಾಳಿಯಲ್ಲಿ ಬೆವರು ಕಾಣಿಸುವುದೇ ಇಲ್ಲವಂತೆ. ಬಂದ ಕೂಡಲೇ ಆರಿಹೋಗುತ್ತದೆ. ಜನ ಹೆದರಿ ಸುಮ್ನೆ ನೀರು ಕುಡಿಯುತ್ತಾ ಹೋಗುತ್ತಾರೆ, ಏನೂ ತಿನ್ನುವುದಿಲ್ಲ. ರಕ್ತದಲ್ಲಿ ಸೋಡಿಯಂ ಇಳಿದು ತಲೆ ಸುತ್ತು, ವಾಂತಿ, ಗೊಂದಲ ಶುರುವಾಗುತ್ತದೆ. ನೀರು ಕಡಿಮೆಯಾದರೂ ಕಷ್ಟ, ನೀರು ಜಾಸ್ತಿಯಾಗಿ ಉಪ್ಪು ಕಡಿಮೆಯಾದರೂ ಕಷ್ಟ. ಈ ದಾರಿಯಲ್ಲಿ ಕೆಳಗೆ ಕೊಲೊರಾಡೊ ನದಿವರೆಗೂ ಒಂದು ಹನಿ ಕುಡಿಯುವ ನೀರು ಸಿಗುವುದಿಲ್ಲ ಅನ್ನುವುದನ್ನು ಬೋರ್ಡಿನಲ್ಲೂ ಬರೆದಿದ್ದಾರೆ, ಗೈಡ್ ಬಾಯಲ್ಲೂ ಹೇಳಿದರು.

2,213 ಮೀಟರ್ ಎತ್ತರದಿಂದ ಇಳಿಯಲು ಶುರು. ಮೊದಲ ತಿರುವುಗಳು ಬಂಡೆಯ ಗೋಡೆಗೆ ಅಂಟಿಕೊಂಡು ಒಂದರ ಕೆಳಗೊಂದು ಇಳಿಯುತ್ತವೆ. ಅಕ್ಕ ಗೋಡೆ ಬದಿ ಹಿಡಿದಳು, ನಾನು ಮಧ್ಯೆ. ಕೈಯಲ್ಲಿ ಹಿಡಿಯಲು ಕಂಬಿ ಗಿಂಬಿ ಏನೂ ಇಲ್ಲ. ಆದರೆ ದಾರಿ ಅಗಲವಾಗಿಯೇ ಇದೆ. ಅಷ್ಟು ದೂರ ಹೋಗುವಷ್ಟರಲ್ಲಿ ಅವಳ ಕೈ ಬಂಡೆ ಬಿಟ್ಟಿತು.

ಈ ದಾರಿ ಹುಟ್ಟಿದ್ದೇ ಒಂದು ಜಗಳದಿಂದ. ಆ ಕಡೆ ಇರುವ ಬ್ರೈಟ್ ಏಂಜೆಲ್ ದಾರಿ ಒಂದು ಕಾಲದಲ್ಲಿ ರಾಲ್ಫ್ ಕ್ಯಾಮರನ್ ಎಂಬಾತನ ಹಿಡಿತದಲ್ಲಿತ್ತು. ಗಣಿ ಹಕ್ಕು ಬರೆಸಿಕೊಂಡು, ಇಳಿಯುವವರಿಂದ ಒಂದು ಡಾಲರ್ ಸುಂಕ ವಸೂಲಿ ಮಾಡುತ್ತಿದ್ದ. ಮುಂದೆ ಸೆನೆಟರ್ ಕೂಡ ಆದ, ಹಾಗಾಗಿ ಅವನನ್ನು ಅಲ್ಲಾಡಿಸುವುದು ಸುಲಭವಿರಲಿಲ್ಲ. 1919ರಲ್ಲಿ ಇದು ರಾಷ್ಟ್ರೀಯ ಉದ್ಯಾನವಾದ ಮೇಲೂ ತಕರಾರು ಮುಗಿಯಲಿಲ್ಲ. ಕೊನೆಗೆ ಪಾರ್ಕಿನವರು ಅವನ ಸಹವಾಸವೇ ಬೇಡ ಅಂತ 1924–25ರಲ್ಲಿ ತಮ್ಮದೇ ಬೇರೆ ದಾರಿ ಕೊರೆದರು. ಅದೇ ನಾವು ಇಳಿದ ಸೌತ್ ಕೈಬಾಬ್. ಬೇರೆಯ ದಾರಿಗಳು ಹಳ್ಳ, ಬಿರುಕು ಹಿಡಿದು ಇಳಿದರೆ ಇದು ದಿಣ್ಣೆಯ ಬೆನ್ನ ಮೇಲೇ ಹೋಗುತ್ತದೆ. ಅದಕ್ಕೇ ಇಲ್ಲಿ ನೋಟ ಜಾಸ್ತಿ, ನೆರಳು ಕಡಿಮೆ.

ಊ ಆ ಪಾಯಿಂಟ್ ಅಂತ ಒಂದು ಜಾಗ ಬರುತ್ತದೆ. ಹೆಸರಿಗೆ ತಕ್ಕಂತೆ ಎಲ್ಲರೂ ಊ, ಆ ಅಂದು ಫೋಟೊ ತೆಗೆಸಿಕೊಳ್ಳುತ್ತಿದ್ದರು. ನಾವೂ ತೆಗೆಸಿಕೊಂಡೆವು. ಅಲ್ಲಿಂದ ಮುಂದೆ ಜನ ಅರ್ಧಕ್ಕರ್ಧ ಕಡಿಮೆ.

ನನಗೆ ಇವತ್ತಿನ ದಿನ ಸಾರ್ಥಕ ಅನಿಸಿದ್ದು ಕೊಕೊನಿನೊ ಮರಳುಗಲ್ಲಿನ ಹತ್ತಿರ. ಮೇಲಿನಿಂದ ನೋಡಿದರೆ ಅದು ಬಿಳಿಚಿಕೊಂಡ ಒಂದು ಪಟ್ಟಿ, ಅಷ್ಟೇ. ಹತ್ತಿರ ಹೋದರೆ ಬಂಡೆಯೊಳಗೆ ಗೆರೆಗಳು. ನೆಟ್ಟಗೆ ಅಡ್ಡಡ್ಡ ಅಲ್ಲ, ವಾರೆಯಾಗಿ. ಒಂದು ಗುಂಪು ಬಲಕ್ಕೆ ಇಳಿದರೆ ಅದರ ಮೇಲಿನ ಗುಂಪು ಅದನ್ನು ಕತ್ತರಿಸಿ ಬೇರೆ ಕಡೆ ವಾಲುತ್ತದೆ. ಗೈಡ್ ಒಂದು ಗೆರೆಯ ಮೇಲೆ ಬೆರಳಿಟ್ಟು ಮೇಲಿನಿಂದ ಕೆಳಗೆ ಎಳೆದು ತೋರಿಸಿದರು. ಮರಳ ದಿಬ್ಬದ ಜಾರುವ ಬದಿ ಅದು. ಗಾಳಿ ತಂದ ಮರಳು ದಿಬ್ಬ ಹತ್ತಿ ಆ ಕಡೆಗೆ ಜಾರಿ ಬಿದ್ದ ಇಳಿಜಾರು ಹಾಗೇ ಕಲ್ಲಾಗಿದೆ. ವಯಸ್ಸು ಸುಮಾರು 27–28 ಕೋಟಿ ವರ್ಷ. ಅಂದರೆ ಈ ಮರುಭೂಮಿಯ ಹೊಟ್ಟೆಯೊಳಗೆ ಇನ್ನೊಂದು ಹಳೆಯ ಮರುಭೂಮಿ. ಅದರ ಮೇಲೆಯೇ ಸಮುದ್ರ ಬಂದು ಹೋಗಿದೆ. ಬೆಳಿಗ್ಗೆ ನಾವು ನಿಂತು ಬ್ಯಾಗು ಬಿಚ್ಚಿದ ಕೈಬಾಬ್ ಸುಣ್ಣದ ಕಲ್ಲಿನಲ್ಲಿ ಚಿಪ್ಪುಜೀವಿಗಳ ಪಳೆಯುಳಿಕೆಗಳಿವೆ. ಕೊಕೊನಿನೊದಲ್ಲಿ ಮೂಳೆ ಸಿಗುವುದಿಲ್ಲ. ಆ ದಿಬ್ಬಗಳ ಮೇಲೆ ನಡೆದ ಪ್ರಾಣಿಗಳ ಹೆಜ್ಜೆಗುರುತು ಮಾತ್ರ ಉಳಿದಿದೆ.

ನಾನು ಬಂಡೆಗೆ ಮುಖ ಹಚ್ಚಿ ನಿಂತಿದ್ದಾಗಲೇ ಕೆಳಗಿನಿಂದ ಗಂಟೆಯ ಸದ್ದು. "ಹೇಸರಗತ್ತೆ ಬರ್ತಿವೆ, ಗೋಡೆ ಕಡೆ ನಿಲ್ಲಿ, ಅಂಚಿನ ಕಡೆ ಯಾರೂ ಹೋಗಬೇಡಿ" ಅಂದರು ಗೈಡ್. ಕಾರಣ ಸರಳ. ಪ್ರಾಣಿ ಬೆದರಿ ಒಂದು ಹೆಜ್ಜೆ ಪಕ್ಕಕ್ಕಿಟ್ಟರೆ ಅಂಚಿನಲ್ಲಿ ನಿಂತವರು ಮಾಯ. ಕಣಿವೆಯ ತಳದಲ್ಲಿ ಫ್ಯಾಂಟಮ್ ರ‍್ಯಾಂಚ್ ಎಂಬ ತಂಗುದಾಣ ಇದೆ, 1922ರದು. ಅಲ್ಲಿಗೆ ಊಟದ ಸಾಮಾನು ಹೋಗುವುದು, ಕಸ ವಾಪಸ್ ಬರುವುದು ಎಲ್ಲ ಇವುಗಳ ಬೆನ್ನ ಮೇಲೇ. ಒಂದರ ಹಿಂದೊಂದು ಹಗ್ಗ ಕಟ್ಟಿಕೊಂಡು, ನಮ್ಮ ಕಡೆ ತಿರುಗಿಯೂ ನೋಡದೆ ಹತ್ತಿ ಹೋದವು. ಬೆವರಿನ ವಾಸನೆ, ಚರ್ಮದ ವಾಸನೆ, ಅದರ ಹಿಂದೆ ಉಚ್ಚೆಯ ವಾಸನೆ. ದಾರಿಗೆ ಅಡ್ಡಲಾಗಿ ಮರದ ತೊಲೆ ಹಾಕಿ ಮೆಟ್ಟಿಲು ಮಾಡಿದ್ದಾರೆ. ಎರಡು ತೊಲೆಯ ಮಧ್ಯೆ ಮಣ್ಣು ಸವೆದು ಗುಂಡಿ. ಆ ಗುಂಡಿಗಳಲ್ಲಿ ನಿಂತಿದ್ದು ಮಳೆನೀರಲ್ಲ ಅನ್ನುವುದು ಭಾವನಿಗೆ ಆಮೇಲೆ ಗೊತ್ತಾಯಿತು.

ಸೀಡರ್ ರಿಡ್ಜ್ ಬರುವಷ್ಟರಲ್ಲಿ ನೆಲ ಕೆಂಪಾಗಿತ್ತು. ಕಾಲುಚೀಲವೂ ಕೆಂಪು. ಮೇಲಿನಿಂದ 2.4 ಕಿಲೋಮೀಟರ್, ಸುಮಾರು 340 ಮೀಟರ್ ಇಳಿದಿದ್ದೆವು. ಸಪಾಟು ಜಾಗ, ಶೌಚಾಲಯ ಇದೆ, ನೀರಿಲ್ಲ. ಇಲ್ಲಿನ ಅಳಿಲುಗಳಿಗೆ ನಾಚಿಕೆ ಅನ್ನುವುದೇ ಇಲ್ಲ, ಮಡಿಲಿಗೇ ಬರುತ್ತವೆ. ಮುದ್ದು ಮಾಡಲು ಹೋಗಿ ಕಚ್ಚಿಸಿಕೊಂಡವರು ಬಹಳ ಜನ. ಕಾಗೆಗಳು ಇನ್ನೂ ಒಂದು ಕೈ ಮೇಲೆ. ಬ್ಯಾಗಿನ ಜಿಪ್ಪು ಎಳೆಯೋಕೆ ಕಲಿತಿವೆ.

ತಿಂಡಿ ತಿನ್ನುವಾಗ ಗೈಡ್ ಮಾತಾಡುತ್ತಲೇ ನಮ್ಮನ್ನು ಗಮನಿಸುತ್ತಿದ್ದರು ಅಂತ ನನಗೆ ಆಮೇಲೆ ಹೊಳೆಯಿತು. ಯಾರು ತಿಂದರು, ಯಾರು ತಿನ್ನಲಿಲ್ಲ, ಯಾರ ಮಾತು ನಿಂತಿದೆ. ಅಕ್ಕನ ಮೊಣಕಾಲು ಹೇಗಿದೆ ಅಂತ ಸೀದಾ ಕೇಳಿದರು.

"ಇಳಿಯೋದು ನನಗೆ ಕಷ್ಟವೇ ಆಗ್ತಿಲ್ಲ" ಅಂದಳು ಅಕ್ಕ.

"ಇಳಿಯೋದು ಯಾರಿಗೂ ಕಷ್ಟ ಆಗಲ್ಲ. ಅದೇ ಇಲ್ಲಿನ ತೊಂದರೆ" ಅಂದರು ಅವರು.

ಬೆಟ್ಟ ಹತ್ತುವಾಗ ಸುಸ್ತಾದರೆ ತಿರುಗಿದರಾಯಿತು, ಉಳಿದಿದ್ದು ಬರೀ ಇಳಿಜಾರು. ಇಲ್ಲಿ ಎಲ್ಲ ತಿರುಗುಮುರುಗು. ತಂಪು ಹೊತ್ತಿನಲ್ಲಿ, ಹೊಸ ಕಾಲಿನಲ್ಲಿ ಇಳಿಯುತ್ತೀವಿ. ಬಿಸಿಲೇರಿದ ಮೇಲೆ, ದಣಿದ ಕಾಲಿನಲ್ಲಿ ಹತ್ತಬೇಕು. ಇಳಿದ ಹೊತ್ತಿನ ಎರಡರಷ್ಟು ಹೊತ್ತು ಹತ್ತಲು ಬೇಕು ಅನ್ನುವುದು ಇಲ್ಲಿನ ಲೆಕ್ಕ. ಮೇಲಾಗಿ ಕೆಳಗೆ ಹೋದಂತೆ ಸೆಖೆ ಜಾಸ್ತಿ. ತಳದಲ್ಲಿ ಕಣಿವೆಯ ಮೇಲಂಚಿಗಿಂತ ಸುಮಾರು 11 ಡಿಗ್ರಿ ಸೆಲ್ಸಿಯಸ್ ಹೆಚ್ಚಿರುತ್ತದೆ. ಒಂದೇ ದಿನದಲ್ಲಿ ನದಿವರೆಗೆ ಹೋಗಿ ಬರುವ ಸಾಹಸ ಬೇಡ ಅಂತ ಪಾರ್ಕಿನವರು ಬೋರ್ಡು ಹಾಕಿರುವುದು ಇದಕ್ಕೇ. ದಾರಿ ತೋರಿಸೋಕೆ ಗೈಡ್ ಬೇಡ, ಭಾವ ಹೇಳಿದ್ದು ಸರಿ. ಎಲ್ಲಿ ತಿರುಗಬೇಕು ಅಂತ ಹೇಳೋಕೆ ಬೇಕು. ಆ ಗಳಿಗೆಯಲ್ಲಿ ನಮ್ಮ ತಲೆ ನಮ್ಮ ಮಾತು ಕೇಳುವುದಿಲ್ಲ, ಇನ್ನೊಂದು ತಿರುವು ನೋಡೋಣ ಅಂತಲೇ ಇರುತ್ತದೆ.

ಸ್ಕೆಲಿಟನ್ ಪಾಯಿಂಟ್‌ವರೆಗೆ ಹೋಗಬಹುದು, ಅಲ್ಲಿಂದ ಒಂದು ಹೆಜ್ಜೆಯೂ ಮುಂದಿಲ್ಲ ಅಂತ ತೀರ್ಮಾನವಾಯಿತು.

ಹೊರಡುವಾಗ ತಲೆಯ ಮೇಲೆ ದೊಡ್ಡ ಹಕ್ಕಿಯೊಂದು ರೆಕ್ಕೆ ಬಡಿಯದೆ ತೇಲಿ ಹೋಯಿತು. ರೆಕ್ಕೆಯಲ್ಲಿ ನಂಬರಿನ ಬಿಲ್ಲೆ. ಕ್ಯಾಲಿಫೋರ್ನಿಯಾ ಕಾಂಡೋರ್! ರೆಕ್ಕೆ ಬಿಚ್ಚಿದರೆ ಹೆಚ್ಚುಕಡಿಮೆ ಮೂರು ಮೀಟರ್. 1987ರಲ್ಲಿ ಜಗತ್ತಿನಲ್ಲಿ ಉಳಿದಿದ್ದವು 27 ಮಾತ್ರ, ಎಲ್ಲವನ್ನೂ ಹಿಡಿದು ಸಾಕಿ ಮರಿ ಮಾಡಿಸಿದರು. 1996ರಿಂದ ಅರಿಝೋನಾದಲ್ಲಿ ಮತ್ತೆ ಹಾರಲು ಬಿಟ್ಟಿದ್ದಾರೆ. ಈ ವರ್ಷ ವಸಂತದಲ್ಲಿ ಹಕ್ಕಿಜ್ವರ ಬಂದು ಇಲ್ಲಿನ ಹಿಂಡಿನಲ್ಲಿ 21 ಸತ್ತವಂತೆ. ಗೈಡ್ ಅದನ್ನು ಹೇಳುವಾಗ ದನಿ ಇಳಿದಿತ್ತು. ಅವರಿಗೆ ನಂಬರಿನಿಂದಲೇ ಕೆಲವು ಹಕ್ಕಿಗಳ ಪರಿಚಯ ಇದೆ.

ಸ್ಕೆಲಿಟನ್ ಪಾಯಿಂಟ್‌ನಲ್ಲಿ ಕೊನೆಗೂ ನದಿ ಕಂಡಿತು. ಒಂದು ತುಂಡು, ಅಷ್ಟೇ. ಈ 446 ಕಿಲೋಮೀಟರ್ ಉದ್ದದ, 1,600 ಮೀಟರ್ ಆಳದ ಕಣಿವೆಯನ್ನು ಕೊರೆದಿದ್ದು ಆ ತುಂಡೇ, ಅದೂ ಐವತ್ತು ಅರವತ್ತು ಲಕ್ಷ ವರ್ಷದಲ್ಲಿ. ಕಲ್ಲಿನ ವಯಸ್ಸಿನ ಮುಂದೆ ಕಣಿವೆಯೇ ಎಳೆಯದು. ಈಗಿನ ನದಿ ಹಳೆಯ ನದಿಯೂ ಅಲ್ಲ. 1963ರಲ್ಲಿ ಮೇಲ್ಗಡೆ ಗ್ಲೆನ್ ಕ್ಯಾನ್ಯನ್ ಅಣೆಕಟ್ಟೆ ಮುಚ್ಚಿದ ಮೇಲೆ ಹೂಳೆಲ್ಲ ಅಲ್ಲೇ ನಿಲ್ಲುತ್ತದೆ. ಕೆಂಪಗೆ, ಬೆಚ್ಚಗೆ ಹರಿಯುತ್ತಿದ್ದ ನೀರು ಈಗ ಅಣೆಕಟ್ಟೆಯ ಆಳದಿಂದ ತಣ್ಣಗೆ ಬರುತ್ತದೆ. ಮಳೆ ಬಂದು ಉಪನದಿಗಳು ಮಣ್ಣು ತಂದರೆ ಮಾತ್ರ ಹಳೆಯ ಬಣ್ಣ.

ನದಿಯ ಪಕ್ಕದ ಕಪ್ಪು ಬಂಡೆಯ ಹೆಸರು ವಿಷ್ಣು ಶಿಸ್ಟ್! ಸುಮಾರು 170 ಕೋಟಿ ವರ್ಷದ ಕಲ್ಲು. ಅದರ ಮೇಲೆ ಕೂತಿರುವ ಟೇಪೀಟ್ಸ್ ಮರಳುಗಲ್ಲು 50 ಕೋಟಿ ವರ್ಷದ ಆಸುಪಾಸಿನದು. ಮಧ್ಯದ ನೂರಿಪ್ಪತ್ತು ಕೋಟಿ ವರ್ಷದ ಕಲ್ಲು ಆ ಜಾಗದಲ್ಲಿ ಇಲ್ಲವೇ ಇಲ್ಲ. ಸವೆದು ಹೋಗಿದೆ. ಗೈಡ್ ಕೋಲಿನ ತುದಿಯಿಂದ ಆ ಗೆರೆ ತೋರಿಸಿದಾಗ ಭಾವ ಬ್ಯಾಗಿನಿಂದ ದುರ್ಬೀನು ತೆಗೆದರು, ಆಮೇಲೆ ವಾಪಸ್ ಇಡಲೇ ಇಲ್ಲ.

ಎದುರಿಗೆ ಬ್ರಹ್ಮ ಟೆಂಪಲ್, ಝೊರೊಆಸ್ಟರ್ ಟೆಂಪಲ್. ಇನ್ನೂ ಆಚೆಗೆ ವಿಷ್ಣು, ಶಿವ, ಬುದ್ಧ ಎಲ್ಲರ ಹೆಸರಿನ ಶಿಖರಗಳೂ ಇವೆ. 1880ರ ದಶಕದಲ್ಲಿ ಇಲ್ಲಿ ಅಧ್ಯಯನ ಮಾಡಿದ ಭೂವಿಜ್ಞಾನಿ ಕ್ಲಾರೆನ್ಸ್ ಡಟ್ಟನ್ ಶುರು ಮಾಡಿದ ರೂಢಿ ಇದು. ಅಕ್ಕ ಖುಷಿಯಿಂದ ಕೈ ಮುಗಿದಳು. ನನಗೂ ಮೊದಲು ಖುಷಿಯಾಯಿತು. ಆಮೇಲೆ ಗೈಡ್ ಇಲ್ಲಿನ ಮೂಲನಿವಾಸಿಗಳಾದ ಹವಸುಪೈ ಜನರ ವಿಷಯ ಹೇಳಿದರು. ಕಣಿವೆಯೊಳಗೆ ಬೆಳೆ ಬೆಳೆದುಕೊಂಡಿದ್ದವರನ್ನು ಪಾರ್ಕ್ ಮಾಡುವ ನೆಪದಲ್ಲಿ ಎಬ್ಬಿಸಿದರು. 1928ರಲ್ಲಿ ನದಿಗೆ ತೂಗುಸೇತುವೆ ಕಟ್ಟುವಾಗ, ಅದರ ಭಾರಿ ಉಕ್ಕಿನ ಹಗ್ಗಗಳನ್ನು ಸಾಲಾಗಿ ನಿಂತು ಹೆಗಲ ಮೇಲೆ ಹೊತ್ತು ಇದೇ ದಾರಿಯಲ್ಲಿ ಇಳಿಸಿದವರೂ ಅವರೇ. ಬ್ರೈಟ್ ಏಂಜೆಲ್ ದಾರಿಯಲ್ಲಿ ಅವರ ತೋಟವಿದ್ದ ಜಾಗಕ್ಕೆ 'ಹವಸುಪೈ ಗಾರ್ಡನ್ಸ್' ಅಂತ ಹೆಸರಿಟ್ಟಿದ್ದು ಕಳೆದ ವರ್ಷ, 2022ರ ನವೆಂಬರ್‌ನಲ್ಲಿ. ದೂರದ ದೇಶದ ದೇವರಿಗೆ ಅಷ್ಟು ಬೇಗ ಜಾಗ ಸಿಕ್ಕಿತು ನೋಡಿ.

ಹತ್ತಿದ ಕಥೆ ಬರೆಯಲು ಹೆಚ್ಚೇನಿಲ್ಲ. ಹತ್ತಿದೆವು. ಮಾತಾಡುತ್ತಾ ನಡೆಯೋಕೆ ಆಗುವಷ್ಟೇ ವೇಗ ಅಂತ ಗೈಡ್ ಮುಂದೆ ನಿಂತು ತಡೆದರು. ಭಾವ ಉಸಿರು ಬಿಗಿಹಿಡಿದರೆ ಸಾಕು, ಏನಾದರೂ ಪ್ರಶ್ನೆ ಕೇಳುವರು. ಉತ್ತರ ತುಂಡುತುಂಡಾಗಿ ಬಂದರೆ ಎಲ್ಲರಿಗೂ ವಿಶ್ರಾಂತಿ. ವಿಶ್ರಾಂತಿ ಅಂದರೆ ಸುಮ್ನೆ ನಿಲ್ಲುವುದಲ್ಲ, ನೆಲದಲ್ಲಿ ಮಲಗಿ ಕಾಲು ಬಂಡೆಯ ಮೇಲಿಡುವುದು, ಐದಾರು ನಿಮಿಷ. ನಾಚಿಕೆ ಬಿಟ್ಟು ಮಲಗಿದರೆ ಕಾಲು ಹಗುರಾಗುವುದು ನಿಜ. ಉಪ್ಪಿನ ಕಡಲೆಕಾಯಿ ಬೀಜ ಅಷ್ಟು ರುಚಿ ಅಂತ ಗೊತ್ತೇ ಇರಲಿಲ್ಲ.

ನಾವು ಮೇಲಿನ ತಿರುವುಗಳಲ್ಲಿ ಏದುಸಿರು ಬಿಡುವಾಗ ಎದುರಿಗೆ ಇಬ್ಬರು ಹುಡುಗರು ಬಂದರು. ಚಪ್ಪಲಿ, ಇಬ್ಬರಿಗೂ ಸೇರಿ ಅರ್ಧ ಲೀಟರ್ ಬಾಟಲಿ. ನದಿ ನೋಡಿ ಬರ್ತೀವಿ ಅಂದರು. ಗೈಡ್ ಬೈಯಲಿಲ್ಲ, ಹೆದರಿಸಲೂ ಇಲ್ಲ. ಊ ಆ ಪಾಯಿಂಟ್ ಚೆನ್ನಾಗಿದೆ, ಫೋಟೊ ತೆಗೆದುಕೊಂಡು ಬನ್ನಿ, ನದಿಗೆ ಇನ್ನೊಮ್ಮೆ ತಯಾರಾಗಿ ಹೋಗಿ ಅಂದರು. ನಾವು ಮೇಲೆ ಬಂದು ಬಸ್ ನಿಲ್ದಾಣದ ಬೆಂಚಿನಲ್ಲಿ ಕೂತಿದ್ದಾಗ ಅವರೂ ಹತ್ತಿ ಬಂದರು, ಮುಖ ಕೆಂಪಾಗಿತ್ತು, ಬಾಟಲಿ ಖಾಲಿ.

ಶನಿವಾರ ಇಲ್ಲಿಂದ ಉತ್ತರಕ್ಕೆ, ಯೂಟಾ ಕಡೆ, ಕಂಕಣ ಸೂರ್ಯಗ್ರಹಣ. ಅದಕ್ಕೆ ಜನ ಈಗಲೇ ಬರಲು ಶುರುವಾಗಿದ್ದಾರೆ, ಊಟಕ್ಕೆ ಉದ್ದದ ಸಾಲು. ನಾಳೆ ನಮ್ಮದು ಡೆಸರ್ಟ್ ವ್ಯೂ ಕಡೆ. ಅಲ್ಲಿ 1932ರಲ್ಲಿ ವಾಸ್ತುಶಿಲ್ಪಿ ಮೇರಿ ಕೋಲ್ಟರ್ ಕಟ್ಟಿಸಿದ ಕಲ್ಲಿನ ಗೋಪುರ ಇದೆ, ಒಳಗೋಡೆಯ ಮೇಲೆ ಹೋಪಿ ಬುಡಕಟ್ಟಿನ ಕಲಾವಿದನ ಚಿತ್ರಗಳಿವೆ. ಒಳಗೆ ಮೆಟ್ಟಿಲು ಹತ್ತಬೇಕು ಅಂತ ಭಾವ ಓದಿ ಹೇಳಿದರು. "ನೀವಿಬ್ಬರೂ ಹತ್ತಿ, ನಾನು ಕೆಳಗೆ ಕಾಫಿ ಕುಡಿತಾ ಇರ್ತೀನಿ" ಅಂದಿದ್ದಾಳೆ ಅಕ್ಕ.