ಪರಾಂಗೊಲೆ ಹೊಲಿಯುತ್ತಿದ್ದೇನೆ: ಐದು ವಾರದ ಟಿಪ್ಪಣಿ

ವಾರ 1

ಬ್ರೆಜಿಲ್‌ನ ಕಲಾವಿದ ಎಲಿಯೊ ಓಯ್ಟಿಸಿಕಾ 1964ರಲ್ಲಿ ಶುರುಮಾಡಿದ ಪರಾಂಗೊಲೆಗಳ ಹಾಗೆ ಒಂದು ಹೊದಿಕೆಯನ್ನು ನಾನೇ ಹೊಲಿಯಬೇಕು, ಹೊದ್ದು ಕುಣಿಯಬೇಕು. ಇಷ್ಟೇ ಕೆಲಸ. ಫೋಟೋದಲ್ಲಿ ನೋಡಿದರೆ ಅವು ಬಣ್ಣಬಣ್ಣದ ಬಟ್ಟೆಯ ಗಂಟುಗಳ ಹಾಗೆ ಕಾಣುತ್ತವೆ. ಹತ್ತಿ ಬಟ್ಟೆ, ಗೋಣಿ, ಪ್ಲಾಸ್ಟಿಕ್, ಬಲೆ, ಎಲ್ಲವೂ ಒಂದರ ಮೇಲೊಂದು.

ಎಲಿಯೊಗೆ ಈ ಹೆಸರು ಸಿಕ್ಕಿದ್ದು ಅವರ ಊರು ರಿಯೊದ ಬೀದಿಯಲ್ಲಿ. ನೆಲೆಯಿಲ್ಲದ ಒಬ್ಬಾತ ಕಂಬ, ಹಗ್ಗ ಸೇರಿಸಿ ಕಟ್ಟಿಕೊಂಡ ಗೂಡಿನಲ್ಲಿ ಒಂದು ಗೋಣಿತಟ್ಟು ಇತ್ತು. ಅದರ ಮೇಲೆ ಆ ಪದ ಬರೆದಿತ್ತು. ಅದಕ್ಕೇ ನಾನೂ ಗೋಣಿಯಿಂದಲೇ ಶುರುಮಾಡಿದೆ. ಅಕ್ಕಿ ತಂದ ಹಳೇ ಚೀಲವನ್ನು ಬಿಚ್ಚಿ, ಎರಡು ಸಲ ಒಗೆದು, ಬಿಸಿಲಿಗೆ ಹಾಕಿದೆ.

ವಾರ 2

ಹೊಲಿಗೆ ಮಷಿನ್ ಗೋಣಿಗೆ ಒಗ್ಗಲಿಲ್ಲ. ದಾರ ತುಂಡಾಗುತ್ತಲೇ ಇತ್ತು. ದಬ್ಬಳ ತಗೊಂಡು ಕೈಯಲ್ಲೇ ಹೊಲಿದೆ. ಗುಲಾಬಿ ಮತ್ತು ಹಸಿರು ಬಟ್ಟೆ ಆರಿಸಿಕೊಂಡೆ. ಅವು ರಿಯೊದ ಮಾಂಗೇರಾ ಸಾಂಬಾ ಶಾಲೆಯ, ಅಂದರೆ ಕಾರ್ನಿವಲ್ ಹಬ್ಬದ ಮೆರವಣಿಗೆಯಲ್ಲಿ ಸಾಂಬಾ ಕುಣಿಯುವ ತಂಡದ ಬಣ್ಣ.

ವಾರ 3

ಈ ವಾರ ಹೊಲಿಗೆ ಕಡಿಮೆ, ಕುಣಿತ ಜಾಸ್ತಿ. ಯಾಕೆಂದರೆ ಎಲಿಯೊ ಅವರ ಬದುಕು ತಿರುಗಿದ್ದೇ ಅಲ್ಲಿ.

ಅವರು ಹುಟ್ಟಿದ್ದು 1937ರಲ್ಲಿ, ರಿಯೊದ ಓದುಬರಹದ ಮನೆಯಲ್ಲಿ. ತಾತ ಭಾಷಾ ವಿದ್ವಾಂಸ, ಅರಾಜಕತಾವಾದಿ. ಅಪ್ಪ ಫೋಟೋಗ್ರಾಫರ್, ಕೀಟಗಳ ಅಧ್ಯಯನವನ್ನೂ ಮಾಡುತ್ತಿದ್ದರು. ಇಪ್ಪತ್ತರ ಆಸುಪಾಸಿನಲ್ಲಿ ಎಲಿಯೊ ಕಾರ್ಡ್‌ಬೋರ್ಡ್ ಮೇಲೆ ಅಚ್ಚುಕಟ್ಟಾದ ಚೌಕಗಳನ್ನು ಬರೆಯುತ್ತಿದ್ದರು. 1964ರಲ್ಲಿ ಅಪ್ಪ ತೀರಿಕೊಂಡರು. ಅದೇ ವರ್ಷ ದೇಶದಲ್ಲಿ ಸೇನೆ ಅಧಿಕಾರ ಹಿಡಿಯಿತು. ಆ ಹೊತ್ತಿನಲ್ಲೇ ಎಲಿಯೊ ಅವರನ್ನು ಶಿಲ್ಪಿ ಗೆಳೆಯ ಜ್ಯಾಕ್ಸನ್ ರಿಬೇರೊ ಬಡವರ ಕೇರಿಯಾದ ಮಾಂಗೇರಾ ಗುಡ್ಡಕ್ಕೆ ಕರೆದುಕೊಂಡು ಹೋದರು. ಹೋಗಿದ್ದು ಮೆರವಣಿಗೆಯ ರಥಗಳಿಗೆ ಬಣ್ಣ ಹಚ್ಚಲು. ಆದರೆ ಅಲ್ಲಿ ಸಾಂಬಾ ಕಲಿತು, ಶಾಲೆಯ ಜೊತೆ ಕಾರ್ನಿವಲ್‌ನಲ್ಲಿ ಕುಣಿಯುವವರಾದರು. ಚಿತ್ರ ಬರೆಯುತ್ತಿದ್ದ ಕೈಗೆ ಇಡೀ ಮೈ ಜೊತೆಯಾಯಿತು.

ಮಾಂಗೇರಾದ ತಮಟೆ ಮೇಳ ಕೇಳುತ್ತಾ ಅಭ್ಯಾಸ ಮಾಡಿದೆ. ಅಲ್ಲಿನ ಸುರ್ದು ಎಂಬ ದೊಡ್ಡ ಡೋಲಿನ ಹೊಡೆತ ತಾಳದ ಎರಡನೇ ಎಣಿಕೆಯಲ್ಲಿ ಮಾತ್ರ ಬೀಳುತ್ತದೆ. ಬೇರೆ ಶಾಲೆಗಳಲ್ಲಿ ಅದಕ್ಕೆ ಇನ್ನೊಂದು ಡೋಲು ಉತ್ತರ ಕೊಡುತ್ತದೆ, ಇಲ್ಲಿ ಕೊಡುವುದಿಲ್ಲ. ಆ ಖಾಲಿ ಜಾಗದಲ್ಲಿ ಮಂಡಿ ಸಡಿಲ ಬಿಟ್ಟರೆ ಹೆಜ್ಜೆ ತಾನಾಗಿ ಬರುತ್ತದೆ. ಮೂರು ದಿನ ಹಿಡಿಯಿತು ನನಗೆ.

1965ರ ಒಂದು ಸಂಗತಿ ಮನಸ್ಸಿನಿಂದ ಹೋಗುತ್ತಿಲ್ಲ. ರಿಯೊದ ಆಧುನಿಕ ಕಲಾ ಮ್ಯೂಸಿಯಂನಲ್ಲಿ ‘ಓಪಿನಿಯಾಂವ್ 65’ ಪ್ರದರ್ಶನ. ಎಲಿಯೊ ಮಾಂಗೇರಾದ ಕುಣಿತದವರ ಜೊತೆ, ಪರಾಂಗೊಲೆ ಹೊದ್ದು, ಡೋಲು ಬಡಿಯುತ್ತಾ ಬಂದರು. ಅವರನ್ನು ಒಳಗೆ ಕುಣಿಯಲು ಬಿಡಲಿಲ್ಲ. ಅವರೆಲ್ಲ ಹೊರಗಡೆ ತೋಟದಲ್ಲೇ ಕುಣಿದರು. ಗುಡ್ಡದ ಬಡವರಿಗೆ ಬಾಗಿಲು ಯಾವತ್ತೂ ಹೀಗೇ ಅಲ್ವಾ? ಎಲಿಯೊ ಮಾತ್ರ ಅವರನ್ನು ಬಿಟ್ಟು ಒಳಗೆ ಹೋಗಿ ನಿಲ್ಲಲಿಲ್ಲ. ನನಗೆ ಅವರ ಮೇಲೆ ಪ್ರೀತಿ ಹುಟ್ಟಿದ್ದು ಇದನ್ನು ಓದಿದ ಮೇಲೆ.

ವಾರ 4

ಗೋಣಿಯ ಒಳಮೈಗೆ ಅಕ್ಷರ ಬರೆದೆ. ಮಾಂಗೇರಾದ ನಿಲ್ಡೊ ಹೊದ್ದ 1967ರ ಒಂದು ಪರಾಂಗೊಲೆಯ ಮೇಲೆ ‘ಬಂಡಾಯವನ್ನು ಮೈಗೂಡಿಸಿಕೊಂಡಿದ್ದೇನೆ’ ಎಂಬ ಅರ್ಥದ ಮಾತಿದೆ. ಅದನ್ನೇ ಕನ್ನಡದಲ್ಲಿ ಬರೆದೆ.

ವಾರ 5

ಹ್ಯಾಂಗರಿಗೆ ತೂಗುಹಾಕಿದಾಗ ಬೇಜಾರಾಯಿತು. ಒದ್ದೆ ಬಟ್ಟೆ ಜೋತುಬಿದ್ದ ಹಾಗಿತ್ತು, ಅಕ್ಷರವೂ ಕಾಣಲಿಲ್ಲ. ಹೊದ್ದುಕೊಂಡು ಡೋಲಿನ ಸದ್ದು ಹಾಕಿದೆ. ಬಲಗೈ ಎತ್ತಿ ಒಂದು ಸುತ್ತು ತಿರುಗಿದ್ದೇ ತಡ, ಹಸಿರು ಬಟ್ಟೆ ಮೇಲೆದ್ದು, ಅದರಡಿ ಗುಲಾಬಿ ಬಿಚ್ಚಿ, ಅದರೊಳಗಿಂದ ಗೋಣಿಯ ಅಕ್ಷರ ಒಂದು ಕ್ಷಣ ಹೊರಬಂತು. ಕೈ ಇಳಿಸಿದೆ, ಮುಚ್ಚಿಕೊಂಡಿತು.

2009ರಲ್ಲಿ ರಿಯೊದಲ್ಲಿ ಎಲಿಯೊ ಅವರ ಕುಟುಂಬದ ಮನೆಗೆ ಬೆಂಕಿ ಬಿದ್ದು ಎಷ್ಟೋ ಕೃತಿಗಳು ಸುಟ್ಟುಹೋದವು. ಅವರು 1980ರಲ್ಲೇ, 42ನೇ ವಯಸ್ಸಿಗೆ ಹೋಗಿಬಿಟ್ಟಿದ್ದರು. ಈಗ ಮ್ಯೂಸಿಯಂಗಳಲ್ಲಿ ಬಂದವರು ಹೊದ್ದು ಕುಣಿಯಲು ಹೊಸದಾಗಿ ಹೊಲಿದ ಪ್ರತಿಗಳನ್ನು ಇಡುತ್ತಾರೆ.

ಹೊದೆಯುವುದು, ಹೊದ್ದವರನ್ನು ನೋಡುವುದು, ಎರಡೂ ಸೇರಿದರೇ ಪರಾಂಗೊಲೆ ಎಂದು ಎಲಿಯೊ ಬರೆದಿದ್ದಾರೆ. ಹಾಗಾಗಿ ನಿನ್ನೆ ತಂಗಿಗೆ ಕೊಟ್ಟೆ. ಅವಳಿಗೆ ಸಾಂಬಾ ಬರುವುದಿಲ್ಲ, ಸುಮ್ನೆ ತನಗೆ ತೋಚಿದ ಹಾಗೆ ಕುಣಿದಳು. ನನಗೆ ಬಲಗಡೆ ಬಿಚ್ಚಿದ ಅಕ್ಷರ ಅವಳಿಗೆ ಬೆನ್ನ ಹಿಂದೆ ಬಿಚ್ಚಿತು. ಕುತ್ತಿಗೆ ಬಿಗಿಯಾಗುತ್ತದೆ ಅಂದಳು. ಈ ಭಾನುವಾರ ಅಲ್ಲಿನ ಹೊಲಿಗೆ ಬಿಚ್ಚಿ ನಾಲ್ಕು ಬೆರಳು ಸಡಿಲ ಮಾಡಬೇಕು.